ಗಟ್ಟಿ ಹಗುರಾದ ಬಗೆ

ಪಥ್ಯ ಎಂದ ಕೂಡಲೇ ಉಪ್ಪು, ಹುಳಿ, ಖಾರ ಮೂರನ್ನೂ ಒಟ್ಟಿಗೆ ಬಿಡಿಸುವವರನ್ನು ಕಂಡರೆ ನನಗೆ ಸಿಟ್ಟು ಬರುತ್ತದೆ. ಕಾಯಿಲೆ ಬರುವುದು ಎದೆಗೋ ಹೊಟ್ಟೆಗೋ. ನಾಲಗೆ ತನ್ನ ಪಾಡಿಗೆ ಚೆನ್ನಾಗಿಯೇ ಇರುತ್ತದೆ. ಆದರೆ ನಮ್ಮ ಕಡೆ ಯಾರಿಗಾದರೂ ಹುಷಾರಿಲ್ಲವೆಂದು ಗೊತ್ತಾದರೆ, ನೋಡಲು ಬಂದವರೆಲ್ಲ ಹಣ್ಣಿನ ಜೊತೆಗೆ ಒಂದೊಂದು ‘ಬೇಡ’ವನ್ನೂ ತಂದಿರುತ್ತಾರೆ. ಒಬ್ಬರು ತೆಂಗಿನಕಾಯಿ ಬೇಡವೆಂದು ಹೇಳಿ ಚಾ ಕುಡಿದು ಹೋಗುತ್ತಾರೆ. ಇನ್ನೊಬ್ಬರು ಕುಚ್ಚಲಕ್ಕಿ ಬೇಡ, ಗೋಧಿ ತಿನ್ನಿ ಎನ್ನುತ್ತಾರೆ. ಮೂರನೆಯವರು ಹೋಗುವಾಗ ಬಾಗಿಲ ಬಳಿ ನಿಂತು, ಮೀನನ್ನೂ ಸ್ವಲ್ಪ ದಿವಸ ಬಿಟ್ಟರೆ ಒಳ್ಳೆಯದಿತ್ತು ಎಂದು ದನಿ ತಗ್ಗಿಸಿ ಹೇಳುತ್ತಾರೆ. ಎಲ್ಲರೂ ಹೋದ ಮೇಲೆ ತಟ್ಟೆಯಲ್ಲಿ ಉಳಿಯುವುದು ಒಂದು ಚಪಾತಿ, ಒಂದು ಸೌಟು ಬೇಯಿಸಿದ ಪಡುವಲಕಾಯಿ.

ಅಮ್ಮನಿಗೂ ಹಾಗೆಯೇ ಆಯಿತು. ವೈದ್ಯರು ಹೇಳಿದ್ದು ಇಷ್ಟೇ: ಕರಿದದ್ದು ಬೇಡ, ತೆಂಗಿನಕಾಯಿ ಮಿತಿಯಲ್ಲಿರಲಿ, ಮೀನು ಧಾರಾಳವಾಗಿ ತಿನ್ನಬಹುದು. ಮೀನಿನ ಮಾತು ಬಂದಾಗ ಅಮ್ಮ ಕುರ್ಚಿಯಲ್ಲಿ ಸ್ವಲ್ಪ ಮುಂದೆ ಬಂದು ಕೂತರು. ರಿಕ್ಷಾದಲ್ಲಿ ಮನೆಗೆ ಬರುವಾಗ ಬಲ್ಮಠದ ತನಕ ಮಾತಿಲ್ಲ. ಆಮೇಲೆ, “ಹಾಗಾದ್ರೆ ಗಟ್ಟಿ?” ಎಂದು ಕೇಳಿದರು.

ಗಟ್ಟಿ ಎಂದರೆ ನಮ್ಮ ಮನೆಯ ಮೀನಿನ ಗಟ್ಟಿ. ಎಲೆಯೊಳಗೆ ಹಿಟ್ಟು ಹಚ್ಚಿ ಹಬೆಯಲ್ಲಿ ಬೇಯಿಸುವ ತಿಂಡಿಗಳು ತುಳುನಾಡಿನಲ್ಲಿ ಒಂದೆರಡಲ್ಲ. ಹಲಸಿನ ಹಣ್ಣಿನ ಗಟ್ಟಿ ಉಂಟು, ಸೌತೆಕಾಯಿಯ ಅಡ್ಯೆ ಉಂಟು, ಆಟಿ ತಿಂಗಳ ಪತ್ರೊಡೆ ಉಂಟು. ಮರುವಾಯಿ ಹಾಕಿದ ಪುಂಡಿಯಂತೂ ಮಂಗಳೂರಿನವರಿಗೆ ಹೇಳಿಕೊಡಬೇಕಾದದ್ದಲ್ಲ. ಮೀನು ಮತ್ತು ಅಕ್ಕಿ ಒಂದೇ ಎಲೆಯಲ್ಲಿ ಬೇಯುವುದು ಕೆಲವು ಮನೆಗಳಲ್ಲಿ ಮಾತ್ರ. ಅಲ್ಲೂ ಒಂದು ಮನೆಯ ಪಾಕ ಇನ್ನೊಂದು ಮನೆಯದಕ್ಕೆ ಹೊಂದುವುದಿಲ್ಲ. ನಮ್ಮದರಲ್ಲಿ ಬೆಳ್ತಿಗೆ ಮತ್ತು ಕುಚ್ಚಲು ಎರಡೂ ಅಕ್ಕಿ ನೆನೆಯಬೇಕು. ಹುರಿದ ಬ್ಯಾಡಗಿ ಮೆಣಸು, ಕೊತ್ತಂಬರಿ, ಜೀರಿಗೆ, ನಾಲ್ಕು ಕಾಳು ಮೆಂತ್ಯ, ಚಿಟಿಕೆ ಓಮ, ಬೆಳ್ಳುಳ್ಳಿ, ಹುಣಸೆಹುಳಿ, ಇಡೀ ಒಂದು ತೆಂಗಿನಕಾಯಿ. ಎಲ್ಲವನ್ನೂ ತರಿತರಿಯಾಗಿ ಅರೆದ ಮೇಲೆ ಬೇಯಿಸಿ ಮುಳ್ಳು ತೆಗೆದ ಕೊಡ್ಡಾಯಿಯ ಮಾಂಸ ಬೆರೆಸಬೇಕು. ಅದನ್ನು ಬಾಳೆಎಲೆಯಲ್ಲಿ ಎರಡು ಬೆರಳು ದಪ್ಪಕ್ಕೆ ತಟ್ಟಿ, ಮಡಚಿ, ತೊಂದೂರಿನಲ್ಲಿ ಹಬೆಗೆ ಇಡಬೇಕು. ಅಲ್ಲಿಗೆ ಅರ್ಧ ಕೆಲಸ. ತಣಿದ ಮೇಲೆ ತುಂಡು ಮಾಡಿ, ತೆಂಗಿನೆಣ್ಣೆಯಲ್ಲಿ ಎರಡೂ ಮಗ್ಗುಲು ಕೆಂಪಗೆ ಕಾಯಿಸಿದರೆ ಮಾತ್ರ ಅದು ಗಟ್ಟಿ. ಮದುವೆಯಾದ ಹೊಸದರಲ್ಲಿ ಮದುಮಕ್ಕಳನ್ನು ಸಮ್ಮಾನದ ಊಟಕ್ಕೆ ಕರೆದಾಗ ಕೋರಿ ರೊಟ್ಟಿ ಎಲ್ಲ ಮನೆಯಲ್ಲೂ ಇರುತ್ತದೆ. ಗಟ್ಟಿ ಇರುವುದು ನಮ್ಮಲ್ಲಿ ಎಂಬುದು ಅಜ್ಜಿಯ ದೊಡ್ಡ ಹೆಮ್ಮೆ.

ಅಜ್ಜಿಯ ಮನೆ ಬೋಳಾರದಲ್ಲಿತ್ತು. ನೇತ್ರಾವತಿಯ ಗಾಳಿ ಅಂಗಳಕ್ಕೆ ಬರುತ್ತಿತ್ತು, ಆಚೆ ಹಂಚಿನ ಕಾರ್ಖಾನೆಯ ಚಿಮಣಿ ಕಾಣುತ್ತಿತ್ತು. ಗಟ್ಟಿ ಮಾಡುವ ದಿವಸ ಮಕ್ಕಳಿಗೆಲ್ಲ ಮುಳ್ಳು ತೆಗೆಯುವ ಕೆಲಸ. ಬೇಯಿಸಿದ ಕೊಡ್ಡಾಯಿಯನ್ನು ಹರಿವಾಣಕ್ಕೆ ಸುರಿದು ನಾವು ಸುತ್ತ ಕೂರುತ್ತಿದ್ದೆವು. ನಡುಮುಳ್ಳು ಒಂದೇ ಎಳೆತಕ್ಕೆ ಬರುತ್ತದೆ, ಅದಕ್ಕೆ ಎಲ್ಲರದೂ ಪೈಪೋಟಿ. ಕಷ್ಟ ಇರುವುದು ಬದಿಯ ಸಣ್ಣ ಮುಳ್ಳಿನದು. ನಾವು ಮುಗಿಯಿತೆಂದು ಎದ್ದ ಮೇಲೆ ಅಜ್ಜಿ ಬಂದು ಕೂತು, ಕಣ್ಣು ಬೇರೆಲ್ಲೋ ಇಟ್ಟುಕೊಂಡು, ಬೆರಳ ತುದಿಯನ್ನು ಮಾತ್ರ ಆ ಮಾಂಸದಲ್ಲಿ ಮೆಲ್ಲಗೆ ಓಡಿಸುತ್ತಿದ್ದರು. ಪ್ರತಿ ಸಲವೂ ಅವರ ಬೆರಳಿಗೆ ಐದಾರು ಮುಳ್ಳು ಸಿಕ್ಕುತ್ತಿದ್ದವು. ಅವನ್ನು ಹರಿವಾಣದ ಅಂಚಿನಲ್ಲಿ ಸಾಲಾಗಿ ಇಡುತ್ತಿದ್ದರು, ನಮ್ಮನ್ನು ಬೈಯುತ್ತಿರಲಿಲ್ಲ.

ತೆಂಗು ಇಲ್ಲದ ಗಟ್ಟಿಯನ್ನು ಆ ಮನೆಯಲ್ಲಿ ಯಾರೂ ಯೋಚಿಸಿಯೂ ಇರಲಾರರು. ತೆಂಗಿಗೂ ಮೀನಿಗೂ ಇರುವ ನಂಟು ಗಸಿಗಿಂತ ಹಳೆಯದು. ರಂಪಣಿ ಬಲೆಯ ಕಾಲದಲ್ಲಿ ಊರವರೆಲ್ಲ ಸೇರಿ ದಡಕ್ಕೆ ಬಲೆ ಎಳೆದಾಗ ಬೂತಾಯಿ ರಾಶಿ ಬೀಳುತ್ತಿತ್ತು. ತಿಂದು, ಮಾರಿ, ಒಣಗಿಸಿ, ಎಣ್ಣೆ ತೆಗೆದು ಉಳಿದದ್ದು ತೆಂಗಿನ ಬುಡಕ್ಕೆ ಗೊಬ್ಬರವಾಗಿ ಹೋಗುತ್ತಿತ್ತು. 1970ರ ದಶಕದಲ್ಲಿ ಪರ್ಸೀನ್ ದೋಣಿಗಳು ಬಂದವು, ರಂಪಣಿ ಹಿಂದೆ ಸರಿಯಿತು. ಆದರೂ ಬೂತಾಯಿಯ ಗೊಬ್ಬರ ಉಂಡ ಮರದ ಕಾಯಿಗೆ ಬೇರೆಯದೇ ರುಚಿ ಎಂದು ನನ್ನ ಮಾವ ಕೊನೆಯವರೆಗೂ ನಂಬಿದ್ದರು. ಅವರ ಹಿತ್ತಿಲಿನ ಕಾಯಿಯನ್ನು ನಾನು ಚಿಕ್ಕಂದಿನಿಂದ ತಿಂದವಳು, ಅವರ ಪಕ್ಷ ಬಿಟ್ಟುಕೊಡುವುದಿಲ್ಲ. ಮೀನು ತೆಂಗನ್ನು ಸಾಕಿತು, ಅದೇ ತೆಂಗು ಮತ್ತೆ ಮೀನಿನ ಜೊತೆ ಅರೆಯುವ ಕಲ್ಲಿಗೆ ಬಂತು. ಅಂಥ ನಂಟಿನ ನಡುವೆ ಕೈ ಹಾಕಿ ‘ಕಡಿಮೆ ಮಾಡಿ’ ಎನ್ನುವುದು ಸಣ್ಣ ಮಾತಲ್ಲ.

ಹಾಗಾಗಿ ನಾನು ಮೊದಲು ಏನನ್ನೂ ತೆಗೆಯಲು ಹೋಗಲಿಲ್ಲ. ಯಾವುದು ಅಲ್ಲಿ ಏಕಿದೆ ಎಂದು ಕೇಳಿಕೊಂಡೆ. ಪಾತ್ರೆಯಲ್ಲಿರುವ ಪ್ರತಿಯೊಂದಕ್ಕೂ ಒಂದು ಕೆಲಸ ಇರುತ್ತದೆ. ಆ ಕೆಲಸವನ್ನು ಬೇರೆ ಯಾರಿಗಾದರೂ ಒಪ್ಪಿಸದೆ ಅದನ್ನು ಹೊರಗೆ ಹಾಕಿದರೆ ಉಳಿದವರೆಲ್ಲ ಸೊರಗುತ್ತಾರೆ. ಪಥ್ಯದ ಅಡುಗೆ ಸಪ್ಪೆಯಾಗುವುದು ಹೀಗೆ ಎಂದು ನನ್ನ ನಂಬಿಕೆ.

ಎಣ್ಣೆಯಿಂದ ಶುರು ಮಾಡಿದೆ. ಗಟ್ಟಿಯನ್ನು ಕಾಯಿಸುವುದು ಏಕೆ? ರುಚಿಗೆ ಎಂದು ಎಲ್ಲರೂ ಹೇಳುತ್ತಾರೆ, ಅದು ಹೌದು. ಆದರೆ ಅಕ್ಕಿಯ ಹಿಟ್ಟು ಬೆಂದು ತಣಿದ ಮೇಲೆ ಬಿಗಿಯುತ್ತದೆ. ರಾತ್ರಿಯ ಪುಂಡಿ ಬೆಳಿಗ್ಗೆಗೆ ಹೇಗಾಗಿರುತ್ತದೆಂದು ತಿಂದವರಿಗೆ ಗೊತ್ತು. ಬಿಸಿ ತಾಗಿದರೆ ಅದು ಮತ್ತೆ ಮೆತ್ತಗಾಗುತ್ತದೆ, ಎಣ್ಣೆಯಲ್ಲಿ ಬಿಸಿಯಾದರೆ ಹೊರಗೆ ಗರಿಯೂ ಆಗುತ್ತದೆ. ಅಂದರೆ ಎಣ್ಣೆ ಬಂದದ್ದು ಅಕ್ಕಿಯ ಹಿಂದೆ. ತೆಂಗಿನಕಾಯಿಯೂ ಹಾಗೆಯೇ: ಅದರ ಜಿಡ್ಡು ಅಕ್ಕಿಯ ನಡುವೆ ಸೇರಿಕೊಂಡು ಒಳಗನ್ನು ಮೃದುವಾಗಿಡುತ್ತದೆ. ಹಾಗಾದರೆ ಇಷ್ಟೊಂದು ಅಕ್ಕಿ ಏಕೆ? ಬೇಯಿಸಿ ಪುಡಿಯಾದ ಮೀನು ತಾನಾಗಿ ಒಂದಕ್ಕೊಂದು ಅಂಟುವುದಿಲ್ಲ, ಅದನ್ನು ಹಿಡಿದಿಡಲು. ಎಳೆ ಹಿಡಿದು ಹೋದರೆ ಎಲ್ಲವೂ ಅಲ್ಲಿಗೆ ಮುಟ್ಟಿತು. ಮೀನನ್ನು ಮೊದಲೇ ಬೇಯಿಸುವುದರಿಂದ ಅಕ್ಕಿ ಬೇಕಾಯಿತು, ಅಕ್ಕಿಯಿಂದ ತೆಂಗಿನಕಾಯಿ, ಎರಡರಿಂದ ಎಣ್ಣೆ.

ಇದನ್ನು ನಮ್ಮ ಮೇಲಿನ ಮನೆಯ ಹುಡುಗನ ಹತ್ತಿರ ಹೇಳಿದೆ. ಅವನು ಓದಿದ್ದು ಇಲ್ಲಿಯದೇ ಮೀನುಗಾರಿಕಾ ಕಾಲೇಜಿನಲ್ಲಿ. ಅವನು ನಗಲಿಲ್ಲ, ಮೆಟ್ಟಿಲ ಮೇಲೆ ಕೂತೇ ಬಿಟ್ಟ. “ಹಸಿ ಮೀನನ್ನೇ ಉಪ್ಪು ಹಾಕಿ ನಾದಿ ಆಂಟಿ, ಅಕ್ಕಿಯ ಕೆಲಸ ಮೀನೇ ಮಾಡ್ತದೆ” ಎಂದ. ಸುರಿಮಿ ಮಾಡುವುದು ಹಾಗೆಯಂತೆ. ಮೀನಿನ ಮಾಂಸ ಬಿಡಿಸಿ, ತಣ್ಣೀರಿನಲ್ಲಿ ತೊಳೆದು, ಹಿಂಡಿ, ಉಪ್ಪು ಸೇರಿಸಿ ಅರೆದರೆ ಅದರ ಪ್ರೊಟೀನು ಕರಗಿ ಅಂಟಾಗುತ್ತದೆ. ಬಿಸಿ ತಾಗಿದಾಗ ಒಂದಕ್ಕೊಂದು ಹೆಣೆದುಕೊಂಡು ಗಟ್ಟಿಯಾಗಿ ನಿಲ್ಲುತ್ತದೆ. ಜಪಾನಿನವರು ಅದನ್ನು ಮರದ ಹಲಗೆಯ ಮೇಲೆ ಗುಡ್ಡೆ ಮಾಡಿ ಹಬೆಯಲ್ಲಿಟ್ಟು ಕಾಮಾಬೊಕೊ ಎನ್ನುತ್ತಾರೆ. ಮಲೇಷ್ಯಾ, ಇಂಡೋನೇಷ್ಯಾದ ಕಡೆ ಮಸಾಲೆ ಬೆರೆಸಿದ ಅರೆದ ಮೀನನ್ನು ಬಾಳೆಎಲೆಯಲ್ಲೇ ಸುತ್ತಿ ಕೆಂಡದ ಮೇಲಿಡುತ್ತಾರೆ, ಹೆಸರು ಒತಾಕ್ ಒತಾಕ್. ನಾರ್ವೆಯವರು ಹಾಲು, ಆಲೂಗಡ್ಡೆಯ ಹಿಟ್ಟು ಸೇರಿಸಿ ಅಚ್ಚಿನಲ್ಲಿ ಬೇಯಿಸುತ್ತಾರೆ. 1950ರ ದಶಕದಲ್ಲಿ ಕೇರಳದ ನೀಂಡಕರದಲ್ಲಿ ಶುರುವಾಗಿ ಮುಂದೆ ನಮ್ಮ ಕಾರವಾರಕ್ಕೂ ಬಂದ ಇಂಡೋ-ನಾರ್ವೇಜಿಯನ್ ಯೋಜನೆಯಿಂದ ನಮ್ಮವರು ಯಂತ್ರದ ದೋಣಿಯ ಕಸುಬು ಕಲಿತರು. ಆ ನಾರ್ವೆಯವರ ಮನೆಗಳಲ್ಲೂ ಒಂದು ಗಟ್ಟಿ ಬೇಯುತ್ತದೆಂದು ತಿಳಿದಾಗ ನನಗೆ ಆದ ಸಂತೋಷ ಇಷ್ಟಿಷ್ಟಲ್ಲ.

ಬಂಗುಡೆ, ಬೂತಾಯಿ ಇದಕ್ಕೆ ಆಗುವುದಿಲ್ಲವೆಂದೂ ಅವನು ಹೇಳಿದ. ಕೆಂಪು ಮಾಂಸ, ಎಣ್ಣೆ ಹೆಚ್ಚು, ಅಂಟು ಕಡಿಮೆ. ಬಿಳಿ ಮಾಂಸದ್ದು ಬೇಕು, ಮದಿಮಾಲ್ ಆದರೆ ಉತ್ತಮ. ನಮ್ಮ ಕರಾವಳಿಯ ಸುರಿಮಿ ಕಾರ್ಖಾನೆಗಳಿಗೆ ಹೋಗುವುದು ಹೆಚ್ಚಾಗಿ ಅದೇ. ಮುಖ್ಯವಾದ ಮಾತನ್ನು ಅವನು ಎದ್ದು ಹೋಗುವಾಗ ಹೇಳಿದ: ಮೀನು ತಾಜಾ ಇರಲೇಬೇಕು. ಐಸಿನಲ್ಲಿ ಬಹಳ ದಿನ ಮಲಗಿದ ಮೀನು ಎಷ್ಟು ನಾದಿದರೂ ಅಂಟುವುದಿಲ್ಲ.

ಆದ್ದರಿಂದ ಜೂನ್, ಜುಲೈ ಕಳೆಯಬೇಕಾಯಿತು. ಜೂನ್ 1ರಿಂದ ಜುಲೈ 31ರ ತನಕ, 61 ದಿವಸ, ಯಂತ್ರದ ದೋಣಿಗಳು ಕಡಲಿಗೆ ಇಳಿಯುವ ಹಾಗಿಲ್ಲ. ದಕ್ಕೆಯಲ್ಲಿ ಒಂದಕ್ಕೊಂದು ಕಟ್ಟಿಕೊಂಡು ನಿಂತ ದೋಣಿಗಳ ಮೇಲೆ ಮಳೆ ಸುರಿಯುತ್ತಿರುತ್ತದೆ. ಆಗ ಪೇಟೆಗೆ ಬರುವ ಮೀನಿನಲ್ಲಿ ಬಹಳಷ್ಟು ಪೂರ್ವ ಕರಾವಳಿಯಿಂದ ಲಾರಿಯಲ್ಲಿ ಬಂದದ್ದು. ಗಸಿಗೆ ನಡೆದೀತು, ಈ ಕೆಲಸಕ್ಕೆ ನಡೆಯದು. ಅಮ್ಮ ಆ ಮಳೆಗಾಲವನ್ನು ಗಂಜಿ, ನುಂಗೆಲ್ ಮೀನಿನ ಸಣ್ಣ ತುಂಡು, ಪುನರ್ಪುಳಿ ಸಾರಿನಲ್ಲಿ ಕಳೆದರು. ಕ್ಯಾಲೆಂಡರಿನ ಹತ್ತಿರ ಹೋದಾಗಲೆಲ್ಲ ಆಗಸ್ಟಿನ ಹಾಳೆಯನ್ನು ಎತ್ತಿ ನೋಡುತ್ತಿದ್ದರು.

ಆಗಸ್ಟಿನಲ್ಲಿ ದೋಣಿಗಳು ಬಂದ ಮೇಲೆ ಸ್ಟೇಟ್‌ಬ್ಯಾಂಕಿನ ಮೀನು ಮಾರ್ಕೆಟಿಗೆ ಬೆಳಿಗ್ಗೆಯೇ ಹೋದೆ. ನಾನು ಯಾವಾಗಲೂ ಹೋಗುವುದು ಒಬ್ಬ ಅಕ್ಕನ ಹತ್ತಿರ. ಗುಲಾಬಿ ಮೈ, ಮೇಲೆ ಹಳದಿ ಗೆರೆ, ಮದಿಮಾಲಿನ ರಾಶಿ ಅವರ ಮುಂದೆ ಮಿನುಗುತ್ತಿತ್ತು.

“ಇಷ್ಟು ಮದಿಮಾಲ್ ಎಂತಕ್ಕೆ? ಮನೆಗೆ ಜನ ಉಂಟಾ?”

“ಇಲ್ಲಕ್ಕ, ಅಮ್ಮನಿಗೆ ಗಟ್ಟಿ ಮಾಡ್ಲಿಕ್ಕೆ. ಇವತ್ತಿನದ್ದೇ ಬೇಕು.”

ಅವರು ಒಂದು ಮೀನನ್ನು ಎತ್ತಿ, ಕಿವಿರು ಬಿಡಿಸಿ ತೋರಿಸಿದರು. ಒಳಗೆ ಕೆಂಪು ಕೆಂಪು. ಆಮೇಲೆ ಅದನ್ನು ತಲೆಯ ಹತ್ತಿರ ಹಿಡಿದು ಅಡ್ಡಕ್ಕೆ ಚಾಚಿದರು. ಬಾಲ ಬಗ್ಗದೆ ನೇರ ನಿಂತಿತು. “ಬಗ್ಗಿದ್ರೆ ತಗೊಳ್ಬೇಡಿ” ಎಂದರು. ಈ ಪರೀಕ್ಷೆಗೆ ಯಾವ ಪುಸ್ತಕವೂ ಬೇಡ. ಅವರು ಮಂಡಿಯ ಕೆಳಗೆ ಮೆಟ್ಟುಕತ್ತಿ ಒತ್ತಿಟ್ಟುಕೊಂಡು, ಹೊಟ್ಟೆ ಸೀಳಿ ತೆಗೆದು, ತಲೆಗಳನ್ನು ಬೇರೆ ಕಟ್ಟಿ ಕೊಟ್ಟರು. ಕೇಳದೆಯೇ ಒಂದು ಹಿಡಿ ಐಸನ್ನೂ ತೊಟ್ಟೆಗೆ ಹಾಕಿದರು. ಬೆಲೆಯ ಚೌಕಾಸಿ ಮಾಡಲು ನನಗೆ ಆ ದಿವಸ ಮನಸ್ಸಾಗಲಿಲ್ಲ.

ಮದಿಮಾಲಿನ ಮಾಂಸವನ್ನು ಚಮಚದ ಅಂಚಿನಿಂದ ಬಾಲದ ಕಡೆಯಿಂದ ತಲೆಯ ಕಡೆಗೆ ಕೆರೆದರೆ ಮುಳ್ಳು ಎಲುಬಿನಲ್ಲೇ ಉಳಿದು ಮಾಂಸ ಮಾತ್ರ ಬರುತ್ತದೆ. ಆದರೂ ಹರಿವಾಣಕ್ಕೆ ಹಾಕಿ ಬೆರಳು ಓಡಿಸಿದೆ. ಮುಳ್ಳು ಸಿಕ್ಕಿತು, ಅಂಚಿನಲ್ಲಿ ಇಟ್ಟೆ. ಐಸು ನೀರಿನಲ್ಲಿ ತೊಳೆದು ತೆಳುಬಟ್ಟೆಯಲ್ಲಿ ಹಿಂಡಿ, ಉಪ್ಪು ಹಾಕಿ ನಾದತೊಡಗಿದೆ. ಮೊದಲು ಏನೂ ಆಗುವುದಿಲ್ಲ, ಒದ್ದೆ ತುಣುಕುಗಳು ಬೆರಳ ಸಂದಿಯಿಂದ ಜಾರುತ್ತವೆ. ಆಮೇಲೆ ಒಂದು ಗಳಿಗೆಯಲ್ಲಿ ಅದರ ಸ್ವಭಾವವೇ ಬದಲಾಗುತ್ತದೆ. ಬಿಳಿಚಿಕೊಂಡಿದ್ದದ್ದು ಹೊಳೆಯತೊಡಗುತ್ತದೆ, ಪಾತ್ರೆಯ ಬದಿ ಬಿಟ್ಟು ಬರುತ್ತದೆ, ಕೈಗೆ ಹಲಸಿನ ಮೇಣದ ಹಾಗೆ ಹಿಡಿದುಕೊಳ್ಳುತ್ತದೆ. ನಾನು ನಿಂತಲ್ಲಿಂದಲೇ ಅಮ್ಮನನ್ನು ಕರೆದು ತೋರಿಸಿದೆ. ಅವರು ಒಂದು ಬೆರಳು ಅದ್ದಿ, ಎಳೆದು ನೋಡಿ, “ಇದಕ್ಕೆ ಅಕ್ಕಿ ಹಾಕ್ಲಿಲ್ವಾ?” ಎಂದರು. ಹಾಕಿರಲಿಲ್ಲ. ಆಮೇಲೆ ಹಾಕಿದ್ದು ಒಂದೇ ಮುಷ್ಟಿ, ತರಿಯ ಸದ್ದು ಹಲ್ಲಿಗೆ ಬೇಕೆಂದು.

ತೆಂಗಿನಕಾಯಿಯನ್ನು ಪೂರ್ತಿ ಬಿಡಲಿಲ್ಲ, ಬಿಡುವ ಮನಸ್ಸೂ ಇರಲಿಲ್ಲ. ಹಿಂದಿನ ಕಾಲು ಭಾಗ ಹಾಕಿ, ಅದನ್ನೂ ಮೆಣಸಿನ ಜೊತೆ ಹುರಿದೆ. ಹುರಿದ ಕಾಯಿ ಸ್ವಲ್ಪವೇ ಇದ್ದರೂ ಪರಿಮಳ ದೂರ ಹೋಗುತ್ತದೆ. ಅದು ಬಿಟ್ಟುಹೋದ ಮೃದುತನಕ್ಕೆ ಮಂಗಳೂರು ಸೌತೆಯನ್ನು ಕರೆದೆ. ಬೋಳಾರದ ಮನೆಯಲ್ಲಿ ಬೇಸಿಗೆಯ ಸೌತೆಕಾಯಿಗಳನ್ನು ಬಾಳೆನಾರಿನಲ್ಲಿ ಕಟ್ಟಿ ಅಟ್ಟದ ಜಂತಿಗೆ ಸಾಲಾಗಿ ತೂಗುಹಾಕುತ್ತಿದ್ದರು. ಮಳೆಗಾಲ ಪೂರ್ತಿ ಅವು ನಮ್ಮ ತಲೆಯ ಮೇಲೆ, ಹಸಿರು ಹಳದಿ ಪಟ್ಟೆಯಲ್ಲಿ, ಕೆಡದೆ ಉಳಿಯುತ್ತಿದ್ದವು. ಹುಳಿಗೆ ಒಂದು, ಪಲ್ಯಕ್ಕೆ ಒಂದು ಎಂದು ಸಾಲು ಬರಿದಾಗುತ್ತಾ ಹೋದ ಹಾಗೆ ಮಳೆಯೂ ಕಡಿಮೆಯಾಗುತ್ತಿತ್ತು. ಸೌತೆಕಾಯಿಯ ಅಡ್ಯೆಗೆ ನೀರು ಹಾಕುವ ಕ್ರಮವೇ ಇಲ್ಲ, ತುರಿದ ಸೌತೆಯ ನೀರೇ ಸಾಕು. ಅಕ್ಕಿ ಅದರಲ್ಲೇ ಬೆಂದು ಮೆತ್ತಗಾಗುತ್ತದೆ. ಮೀನಿಗೂ ಅದೇ ಉಪಾಯ ಹಿಡಿಸಿತು. ತುರಿದು, ಹೆಚ್ಚಿನ ನೀರು ಹಿಂಡಿ, ಮಸಾಲೆಯ ಜೊತೆ ಬೆರೆಸಿದೆ. ಹಿಂಡಿದ ನೀರು ತಲೆಗಳ ಸಾರಿಗೆ ಹೋಯಿತು.

ಎಲೆಯ ವಿಷಯದಲ್ಲಿ ದೊಡ್ಡಮ್ಮನ ಮಾತು ಕೇಳಬೇಕಾಯಿತು. ಅಮ್ಮನ ಅಕ್ಕ ಅವರು, ಅಜ್ಜಿಯ ಕೈ ಯಾರಿಗಾದರೂ ಬಂದಿದ್ದರೆ ಅವರಿಗೆ. ವಿಷಯ ತಿಳಿದು ಉರ್ವದಿಂದ ರಿಕ್ಷಾ ಮಾಡಿಕೊಂಡು ಬಂದರು. ಸೆರಗಿನ ಒಳಗೆ ಅರಿಸಿನ ಎಲೆಯ ಕಟ್ಟು. “ಎಣ್ಣೆ ಇಲ್ಲದ ಮೇಲೆ ಪರಿಮಳಕ್ಕೆ ಎಂತ ಉಂಟು ನಿನ್ನ ಹತ್ರ? ಬಾಳೆಎಲೆಯ ಒಳಗೆ ಇದನ್ನು ಹಾಸು” ಎಂದರು. ವಾದ ಮಾಡುವಂಥದ್ದಲ್ಲ ಅದು. ಬಾಡಿಸಿದ ಬಾಳೆಎಲೆ, ಅದರ ಮೇಲೆ ಅರಿಸಿನ ಎಲೆ, ಅದರ ಮೇಲೆ ಮೀನು. ತೊಂದೂರಿನ ಮುಚ್ಚಳದ ಸಂದಿಯಿಂದ ಹಬೆ ಹೊರಟಾಗ ಮೆಟ್ಟಿಲಿಳಿದು ಹೋಗುತ್ತಿದ್ದ ಮೇಲಿನ ಮನೆಯ ಹುಡುಗ ನಿಂತು ವಿಚಾರಿಸಿ ಹೋದ.

ಬೆಂದ ಗಟ್ಟಿಯನ್ನು ತಣಿಸಿ ಕೊಯ್ದೆವು. ಕತ್ತಿಗೆ ಅಂಟಲಿಲ್ಲ, ಪುಡಿಯೂ ಆಗಲಿಲ್ಲ. ಕೊಯ್ದ ಜಾಗ ನಯವಾಗಿ, ನಡುನಡುವೆ ಸೌತೆಯ ತೆಳು ಎಳೆ, ಮೆಣಸಿನ ಕೆಂಪು ಚುಕ್ಕೆ. ಬೆರಳಿನಿಂದ ಒತ್ತಿದರೆ ಒಳಗೆ ಹೋಗಿ ಮತ್ತೆ ಎದ್ದು ಬರುತ್ತಿತ್ತು. ಕಾವಲಿಯ ಮೇಲೆ ಅದೇ ಬಾಳೆಎಲೆಯ ಚೂರು ಹಾಸಿ, ನಾಲ್ಕು ಹನಿ ತೆಂಗಿನೆಣ್ಣೆ ಸವರಿ, ತುಂಡುಗಳನ್ನು ಅದರ ಮೇಲಿಟ್ಟು ಮಗುಚಿದೆ. ಎಲೆ ಕರಕಲಾಗುವಷ್ಟರಲ್ಲಿ ಅಂಚು ಕೆಂಪಾಗಿತ್ತು.

ಅಮ್ಮ ಮೊದಲ ತುಂಡನ್ನು ಮುರಿದು, ಅಭ್ಯಾಸದಂತೆ ಬೆರಳಿನಲ್ಲಿ ಒತ್ತಿ ಮುಳ್ಳು ಹುಡುಕಿ, ಬಾಯಿಗಿಟ್ಟರು. ದೊಡ್ಡಮ್ಮ ತಂಗಿಯ ಮುಖ ನೋಡುತ್ತಾ ಕೂತಿದ್ದರು. ಅಮ್ಮ ಎರಡನೆಯ ತುತ್ತು ಮುಗಿಸಿದ ಮೇಲೆ “ಹುಳಿ ಸಾಲದು” ಎಂದರು. ದೊಡ್ಡಮ್ಮನೂ ತಿಂದು ನೋಡಿ ತಲೆ ಆಡಿಸಿದರು, ಹುಳಿ ಸಾಲದು. ಇಬ್ಬರಿಗೂ ಎಣ್ಣೆಯ ನೆನಪು ಬರಲಿಲ್ಲ, ತೆಂಗಿನಕಾಯಿಯದೂ ಬರಲಿಲ್ಲ. ಮುಂದಿನ ಸಲ ಹುಣಸೆಯೇ ಹೆಚ್ಚು ಮಾಡುವುದೋ, ಅಂಬಟೆಯೋ ಬಿಂಬುಳಿಯೋ ಸೇರಿಸುವುದೋ ಎಂದು ಅಕ್ಕತಂಗಿಯರಿಗೆ ವಾದ ಹತ್ತಿತು. ಅಜ್ಜಿ ಏನು ಹಾಕುತ್ತಿದ್ದರು ಎಂಬಲ್ಲಿಗೆ ಹೋಯಿತು, ಅಲ್ಲಿಂದ ಅಜ್ಜಿಗೆ ಯಾರ ಮೇಲೆ ಪ್ರೀತಿ ಹೆಚ್ಚಿತ್ತು ಎಂಬಲ್ಲಿಗೆ. ಅಷ್ಟರಲ್ಲಿ ತಟ್ಟೆ ಖಾಲಿಯಾಗಿತ್ತು. ಅಮ್ಮ ತಲೆಯ ಸಾರಿಗೆ ಅನ್ನ ಕಲಸಿಕೊಂಡರು. ಕಾಯಿಲೆಯ ನಂತರ ಅವರು ಎರಡನೆಯ ಸಲ ಅನ್ನ ಹಾಕಿಸಿಕೊಂಡದ್ದನ್ನು ನಾನು ನೋಡಿರಲಿಲ್ಲ.

ಈಗ ನಮ್ಮಲ್ಲಿ ಇದು ವಾಡಿಕೆಗೆ ಬಂದಿದೆ. ಬಿಂಬುಳಿ ಗೆದ್ದಿತು, ಕೆಳಗಿನ ಕಂಪೌಂಡಿನಲ್ಲೇ ಮರ ಇರುವುದರಿಂದ. ದೊಡ್ಡಮ್ಮ ಇದನ್ನು ಗಟ್ಟಿ ಎಂದು ಇನ್ನೂ ಕರೆದಿಲ್ಲ, ‘ನಿನ್ನ ಅದು’ ಎನ್ನುತ್ತಾರೆ; ಆದರೆ ಅದಕ್ಕಾಗಿ ಹಿತ್ತಿಲಲ್ಲಿ ಅರಿಸಿನದ ಗಿಡ ಹೆಚ್ಚು ನೆಟ್ಟಿದ್ದಾರೆ. ಸಮ್ಮಾನದ ಊಟಕ್ಕೆ ಹಳೆಯದೇ ಇರಲಿ ಎಂಬುದು ನನ್ನ ಅಭಿಪ್ರಾಯವೂ ಹೌದು. ವರ್ಷಕ್ಕೊಮ್ಮೆ ಇಡೀ ತೆಂಗಿನಕಾಯಿ ಹಾಕಿ, ಎಣ್ಣೆಯಲ್ಲಿ ಕೆಂಪಗೆ ಕಾಯಿಸಿದ ಗಟ್ಟಿ ಎದುರು ಬಂದಾಗ ಬೇಡ ಎನ್ನುವವಳು ನಾನಲ್ಲ.

ಮೊನ್ನೆ ಮುಂಬಯಿಯಿಂದ ದೊಡ್ಡಮ್ಮನ ಮಗಳು ಫೋನು ಮಾಡಿ ಪಾಕ ಕೇಳಿದಳು. ಅಲ್ಲಿ ಮದಿಮಾಲ್ ಎಂದರೆ ಗೊತ್ತಾಗದು, ರಾಣಿ ಎಂದು ಕೇಳು, ಕಿವಿರು ನೋಡಿ ತೆಗೆದುಕೋ, ತಲೆ ಬಿಸಾಡಬೇಡ ಎಂದೆಲ್ಲ ಹೇಳುತ್ತಿದ್ದೆ. ಎಣ್ಣೆ ನಾಲ್ಕೇ ಹನಿ ಎಂಬಲ್ಲಿಗೆ ಬಂದಾಗ ಪಕ್ಕದಲ್ಲಿ ಕೂತಿದ್ದ ಅಮ್ಮ ಕೈ ಚಾಚಿ ಫೋನು ತೆಗೆದುಕೊಂಡರು. “ನಿನಗೆಂತ ಆಗಿದೆ ಮಗಾ? ಗಟ್ಟಿಮುಟ್ಟು ಇದ್ದಿ. ನೀನು ಒಳ್ಳೆ ಎಣ್ಣೆಯಲ್ಲಿ ಕಾಯಿಸಿಯೇ ತಿನ್ನು” ಎಂದರು. ಆಮೇಲೆ ಹಳೆಯ ಗಟ್ಟಿಯ ಪಾಕವನ್ನು, ಎರಡು ಅಕ್ಕಿ ಎಷ್ಟು ಹೊತ್ತು ನೆನೆಯಬೇಕು ಎಂಬಲ್ಲಿಂದ, ನಿಧಾನವಾಗಿ ಹೇಳತೊಡಗಿದರು.